ಶಾನ್ ಮಾನ್ಸನ್ ಕ್ಯಾಮೆರಾ ಮತ್ತು ನಮ್ಮ ಚಪ್ಪಲಿ

ಅಮೆರಿಕದ ಸಾಕ್ಷ್ಯಚಿತ್ರ ನಿರ್ದೇಶಕ ಶಾನ್ ಮಾನ್ಸನ್ ಪ್ರಾಣಿಗಳ ಹಕ್ಕಿಗಾಗಿ ಸಿನಿಮಾ ಮಾಡುತ್ತೇನೆಂದು ಹೊರಟವರೇನಲ್ಲ. ಸಾಕಿದ ನಾಯಿ, ಬೆಕ್ಕುಗಳಿಗೆ ಸಂತಾನಹರಣ ಚಿಕಿತ್ಸೆ ಮಾಡಿಸಿ ಎಂದು ಹೇಳುವ ಪುಟ್ಟ ಪ್ರಚಾರಚಿತ್ರಗಳಿಗಾಗಿ ಲಾಸ್ ಏಂಜಲಿಸ್ ಸುತ್ತಲಿನ ಪ್ರಾಣಿ ಆಶ್ರಯಗಳಲ್ಲಿ ಚಿತ್ರೀಕರಣ ಮಾಡುತ್ತಿದ್ದರು. ಯಾರಿಗೂ ಬೇಡವಾದ ನಾಯಿಗಳನ್ನು ಅಲ್ಲಿ ಕಂಡಮೇಲೆ ಹಂದಿ, ಕೋಳಿ, ದನಗಳತ್ತ ಕ್ಯಾಮೆರಾ ತಿರುಗಿತು. ವರ್ಷಗಟ್ಟಲೆ ಸಾಮಗ್ರಿ ಕೂಡಿಸಿ 2005ರಲ್ಲಿ ಹೊರತಂದ ಚಿತ್ರವೇ ‘ಅರ್ಥ್‌ಲಿಂಗ್ಸ್’. ನಿರೂಪಣೆ ನಟ ವಾಕೀನ್ ಫೀನಿಕ್ಸ್ ಅವರದು, ಸಂಗೀತ ಮೋಬಿಯದು. ಇಬ್ಬರೂ ವೀಗನ್, ಅಂದರೆ ಮಾಂಸದ ಜತೆಗೆ ಹಾಲು, ತುಪ್ಪ, ಚರ್ಮವನ್ನೂ ಬಿಟ್ಟವರು.

ಸಾಕುಪ್ರಾಣಿ, ಆಹಾರ, ಉಡುಪು, ಮನರಂಜನೆ, ವಿಜ್ಞಾನ ಎಂದು ಚಿತ್ರಕ್ಕೆ ಐದು ಭಾಗ. ಬಹುಪಾಲು ದೃಶ್ಯಗಳು ಗುಪ್ತ ಕ್ಯಾಮೆರಾದವು. ನಡುವೆ ಎದ್ದು ಹೋದವರನ್ನು ನಾನು ದೂರುವುದಿಲ್ಲ. ಚಿತ್ರ ಉಸಿರಾಡಲೇ ಬಿಡುವುದಿಲ್ಲ. ನನ್ನ ತಕರಾರು ಬೇರೆ. ಕಸಾಯಿಖಾನೆಯಲ್ಲಿ ಕೂಲಿಗೆ ನಿಂತವನ ಕೈ, ಕತ್ತಿ ಕಾಣುತ್ತವೆ. ಅವನು ಯಾರು, ಈ ಕೆಲಸಕ್ಕೆ ಯಾಕೆ ಬಂದ ಎಂದು ಚಿತ್ರ ಕೇಳುವುದೇ ಇಲ್ಲ.

ಇದೆಲ್ಲ ಮಾಂಸ ತಿನ್ನುವವರ ಪಾಡು, ನಮಗೇನು ಎಂದು ಆರಾಮಾಗಿ ಕೂತ ಸಸ್ಯಾಹಾರಿಗೆ ಉಡುಪಿನ ಭಾಗದಲ್ಲಿ ಪೆಟ್ಟು ಬೀಳುತ್ತದೆ. ಅಲ್ಲಿ ಬರುವುದು ಭಾರತ. ವಧೆಗೆ ಕಾನೂನಿನ ಅನುಮತಿ ಇರುವ ರಾಜ್ಯಗಳತ್ತ ದನಗಳನ್ನು ದಿನಗಟ್ಟಲೆ ನಡೆಸುತ್ತಾರೆ. ನಡೆದೂ ನಡೆದೂ ಕುಸಿದವುಗಳ ಬಾಲದ ಮೂಳೆ ಮುರಿಯುತ್ತಾರೆ, ಕಣ್ಣಿಗೆ ಮೆಣಸಿನಕಾಯಿ, ಹೊಗೆಸೊಪ್ಪು ತಿಕ್ಕಿ ಎಬ್ಬಿಸುತ್ತಾರೆ. ಚರ್ಮ ಎಲ್ಲಿಗೆ ಹೋಗುತ್ತದೆಂದು ನಾನು ಹೇಳಬೇಕಿಲ್ಲ. ಈ ಸಭಾಂಗಣದ ಬಾಗಿಲಲ್ಲಿ ಬಿಟ್ಟಿರುವ ಚಪ್ಪಲಿಗಳನ್ನು ಹೋಗುವಾಗ ನೋಡಿ. ಹಾಲು ಕೊಡುವುದು ನಿಂತ ಹಸು ಈ ಸಾಲಿಗೆ ಸೇರುವುದು ಹೇಗೆ ಎಂಬುದು ನಮ್ಮ ಹೈನುಗಾರಿಕೆಗೆ ಗೊತ್ತಿಲ್ಲದ ವಿಷಯವೂ ಅಲ್ಲ.

2020ರ ಫೆಬ್ರವರಿಯಲ್ಲಿ ‘ಜೋಕರ್’ ಚಿತ್ರಕ್ಕೆ ಆಸ್ಕರ್ ಪಡೆದ ಫೀನಿಕ್ಸ್, ಕರುವಿನ ಪಾಲಿನ ಹಾಲು ನಮ್ಮ ಕಾಫಿಗೆ ಬರುವುದನ್ನು ಆ ವೇದಿಕೆಯಲ್ಲೇ ಎತ್ತಿದರು. ಮರುದಿನ ಮಾನ್ಸನ್ ಜತೆ ಲಾಸ್ ಏಂಜಲಿಸ್ ಬಳಿಯ ಪಿಕೊ ರಿವೆರಾದ ಕಸಾಯಿಖಾನೆಯೊಂದಕ್ಕೆ ಹೋದರು. ಅಲ್ಲೇ ಹುಟ್ಟಿದ್ದ ಹೆಣ್ಣುಗರುವನ್ನು ಫೀನಿಕ್ಸ್ ತೋಳಲ್ಲಿ ಎತ್ತಿಕೊಂಡು ಬಂದರು, ಹಿಂದೆ ತಾಯಿ. ಮಾನ್ಸನ್ ಅದನ್ನು ಕಿರುಚಿತ್ರ ಮಾಡಿದ್ದಾರೆ. ಕಸಾಯಿಖಾನೆಯ ಯಜಮಾನ ಅದರಲ್ಲಿ ಮುಖ ತೋರಿಸಿ ಮಾತಾಡುತ್ತಾನೆ, ಎದುರಿನವರು ಕೇಳಿಸಿಕೊಳ್ಳುತ್ತಾರೆ. ‘ಅರ್ಥ್‌ಲಿಂಗ್ಸ್’ಗೆ ದಕ್ಕದ್ದು ಇದಕ್ಕೆ ದಕ್ಕಿತು ಎಂದೇ ನನ್ನ ಎಣಿಕೆ.

ಹಾಗೆಂದು ಅಲ್ಲಿನ ವಧೆಯೇನೂ ನಿಲ್ಲಲಿಲ್ಲ. ಮರುವರ್ಷ ಜೂನ್‌ನಲ್ಲಿ ಅದೇ ಕಸಾಯಿಖಾನೆಯಿಂದ ಸುಮಾರು 40 ದನಗಳು ತಪ್ಪಿಸಿಕೊಂಡು ಊರಿನ ಬೀದಿಗಳಿಗೆ ನುಗ್ಗಿದವು. ಹೆಚ್ಚಿನವನ್ನು ಹಿಡಿದು ವಾಪಸ್ ತಂದರು.