ಕಪಿಲೆಯಿಂದ ವಿದ್ಯುತ್ತಿನವರೆಗೆ: ಶಕ್ತಿಮೂಲಗಳ ಅನ್ವೇಷಣೆ



ಮಾನವನ ಇತಿಹಾಸವನ್ನು ರಾಜವಂಶಗಳ ಏಳುಬೀಳುಗಳ ಮೂಲಕ ಹೇಳುವಂತೆಯೇ ಶಕ್ತಿಮೂಲಗಳ ಅನ್ವೇಷಣೆಯ ಮೂಲಕವೂ ಹೇಳಬಹುದು. ಆದಿಮಾನವನಿಗಿದ್ದ ಮೊದಲ ಶಕ್ತಿ ಅವನ ತೋಳಬಲ. ಬೆಂಕಿಯನ್ನು ವಶಪಡಿಸಿಕೊಂಡ ಮೇಲೆ ಕಟ್ಟಿಗೆಯೂ, ಪಶುಗಳನ್ನು ಪಳಗಿಸಿದ ಮೇಲೆ ಎತ್ತಿನ ಹೆಗಲೂ ಅವನಿಗೆ ನೆರವಾದವು. ಹೊಸೂರು, ಕೃಷ್ಣಗಿರಿ ಸೀಮೆಯ ಹಿರಿಯರು ಬಲ್ಲ ಏತ, ಕಪಿಲೆ, ಗಾಣ ಎಂಬ ಪದಗಳು ಆ ಯುಗದ ಸಾಕ್ಷಿಗಳು. ಕಪಿಲೆಯ ಎತ್ತುಗಳು ಇಳಿಜಾರಿನಲ್ಲಿ ಇಳಿಯುತ್ತ ಹಗ್ಗವನ್ನೆಳೆಯುತ್ತಿದ್ದುದರಿಂದ ಅವುಗಳ ಬಲದೊಡನೆ ದೇಹಭಾರವೂ ನೀರೆತ್ತಲು ಒದಗುತ್ತಿತ್ತು. ಯಂತ್ರಶಾಸ್ತ್ರದ ತತ್ತ್ವವೊಂದು ಬಾವಿಯ ದಡದಲ್ಲಿಯೇ ಇತ್ತು.

18ನೆಯ ಶತಮಾನದಲ್ಲಿ ಇಂಗ್ಲೆಂಡಿನ ಗಣಿಗಳಿಂದ ನೀರನ್ನು ಹೊರಹಾಕಲು ಉಗಿಯಂತ್ರಗಳು ಬಳಕೆಗೆ ಬಂದವು. ಜೇಮ್ಸ್ ವಾಟ್ ಅವುಗಳನ್ನು ಸುಧಾರಿಸಿದನು. ಕೃಷ್ಣಗಿರಿಗೆ ನೆರೆಯ ಕೋಲಾರದ ಚಿನ್ನದ ಗಣಿಗಳಲ್ಲಿಯೂ ಮೊದಲು ಉಗಿಯದೇ ಆಳ್ವಿಕೆ. ಉಗಿಗೆ ಉರುವಲು ಬೇಕು, ಅದು ದುಬಾರಿ. ಪರಿಹಾರ ದೊರೆತದ್ದು ಕಾವೇರಿಯಲ್ಲಿ. ದಿವಾನ್ ಶೇಷಾದ್ರಿ ಅಯ್ಯರ್ ಅವರ ಕಾಲದಲ್ಲಿ ಆರಂಭವಾದ ಯೋಜನೆಯ ಫಲವಾಗಿ 1902ರಲ್ಲಿ ಶಿವನಸಮುದ್ರದ ವಿದ್ಯುತ್ತು ಸುಮಾರು 147 ಕಿಲೋಮೀಟರು ದೂರದ ಆ ಗಣಿಗಳನ್ನು ತಲುಪಿತು. 1905ರಲ್ಲಿ ಬೆಂಗಳೂರಿನಲ್ಲಿ ದೀಪಗಳು ಬೆಳಗಿದವು. ನೀರು ತನ್ನ ಪಾತ್ರದಲ್ಲಿಯೇ ಹೊಗೇನಕಲ್ಲಿನತ್ತ ಹರಿಯಿತು; ಅದರ ಬಲ ಮಾತ್ರ ತಂತಿಯಲ್ಲಿ ಸಾಗಿತು.

ಹೊಸ ಮೂಲ ಬಂದಾಗ ಹಳೆಯದು ಮರೆಯಾಗಲಿಲ್ಲ. ಕಲ್ಲಿದ್ದಲು, ಎಣ್ಣೆಗಳ ಹೊಗೆ ಇಂದು ಭೂಮಿಯ ತಾಪವನ್ನು ಏರಿಸುತ್ತಿದೆ. ಆದುದರಿಂದಲೇ ಗಾಳಿ, ಬಿಸಿಲುಗಳತ್ತ ಅನ್ವೇಷಣೆ ಹೊರಳಿದೆ. ಹೊಸೂರು, ಪೋಚಂಪಳ್ಳಿಗಳಲ್ಲಿ ಈಗ ವಿದ್ಯುತ್ ಸ್ಕೂಟರುಗಳು ತಯಾರಾಗುತ್ತಿವೆ. ಅವು ಹೊಗೆಯುಗುಳದ ಕಾರಣ ಬ್ಯಾಟರಿಯೇ ಶಕ್ತಿಮೂಲವೆಂದು ಮಕ್ಕಳು ಭಾವಿಸುವುದು ಸಹಜ. ಬ್ಯಾಟರಿಯು ಕಣಜದಂತೆ, ಧಾನ್ಯ ಬೆಳೆಯುವುದು ಹೊಲದಲ್ಲಿ. ಅದರಲ್ಲಿ ತುಂಬಿದ ವಿದ್ಯುತ್ತು ನೈವೇಲಿಯ ಲಿಗ್ನೈಟಿನದೋ, ಮೆಟ್ಟೂರಿನ ನೀರಿನದೋ, ಮುಪ್ಪಂದಲಿನ ಗಾಳಿಯದೋ, ಕೂಡಂಕುಳದ ಪರಮಾಣುವಿನದೋ ಆಗಿರಬಹುದು. “ಈ ಶಕ್ತಿ ಎಲ್ಲಿಂದ ಬಂತು?” ಎಂದು ಹಿಂದಕ್ಕೆ ಹಿಂದಕ್ಕೆ ಕೇಳಿಸುವುದೇ ಈ ಪಾಠದ ಗುರಿ.

ಈ ಪಾಠಕ್ಕೆ ಪ್ರಯೋಗಾಲಯವೇ ಬೇಕೆಂದಿಲ್ಲ. ಪ್ರತಿ ಮಗುವೂ ಮನೆಯ ಅಜ್ಜ ಅಜ್ಜಿಯರನ್ನು ಕೇಳಿ ಕಪಿಲೆ, ಗಾಣಗಳ ಭಾಗಗಳ ಹೆಸರುಗಳನ್ನು ಬರೆದು ತರಲಿ. ಚಿತ್ರ ಬಿಡಿಸಿ ಹೆಸರಿಸಲಿ. ಮನೆಮಾತು ಕನ್ನಡವಾಗಿ, ಬೀದಿಯಲ್ಲಿ ತಮಿಳು ತೆಲುಗುಗಳನ್ನಾಡುವ ಮಗು ಒಂದೇ ವಸ್ತುವಿಗೆ ಎರಡು ಮೂರು ಹೆಸರುಗಳನ್ನು ತಂದರೆ ಅದೂ ಸಂಪತ್ತೇ. ಕಪಿಲೆ ಹೊಡೆದವರು ಇನ್ನು ಕೆಲವರೇ ಉಳಿದಿದ್ದಾರೆ. ಅವರೊಡನೆ ಆ ಪದಗಳೂ ಅಳಿಯುವ ಮೊದಲು ಅವು ಮಕ್ಕಳ ಬರವಣಿಗೆಯಲ್ಲಿ ನೆಲೆಗೊಳ್ಳುವಂತಾಗಬೇಕು. ಈ ಕಾರ್ಯವನ್ನು ಪ್ರಸಕ್ತ ವರ್ಷದಲ್ಲಿಯೇ ಕೈಗೊಳ್ಳಬೇಕೆಂದು ಕೋರಲಾಗಿದೆ.