ಗೋಮಾಳ ಯಾರದು?

1968ರಲ್ಲಿ ಅಮೆರಿಕದ ವಿಜ್ಞಾನಿ ಗ್ಯಾರೆಟ್ ಹಾರ್ಡಿನ್ ‘ಸೈನ್ಸ್’ ಪತ್ರಿಕೆಯಲ್ಲಿ ಒಂದು ವಾದ ಹೂಡಿದರು. ನಮ್ಮ ಗೋಮಾಳದಂತೆ ಎಲ್ಲರಿಗೂ ಸೇರಿದ ಹುಲ್ಲುಗಾವಲಿಗೆ ಪ್ರತಿಯೊಬ್ಬನೂ ಇನ್ನೊಂದು, ಮತ್ತೊಂದು ದನ ಬಿಡುತ್ತಾನೆ. ಕೊನೆಗೆ ಹುಲ್ಲೇ ಉಳಿಯುವುದಿಲ್ಲ. ಆದ್ದರಿಂದ ಅದು ಖಾಸಗಿಯಾಗಬೇಕು, ಇಲ್ಲವೇ ಸರ್ಕಾರದ ಹಿಡಿತದಲ್ಲಿರಬೇಕು. ಮಾರುಕಟ್ಟೆಯನ್ನು ನಂಬಿದವರಿಗೆ ಮೊದಲ ಮಾತು ರುಚಿಸಿತು, ಸರ್ಕಾರವನ್ನು ನಂಬಿದವರಿಗೆ ಎರಡನೆಯದು. ಊರಿನ ಜನರೇ ಕೂತು ಕಟ್ಟುಪಾಡು ಮಾಡಿಕೊಳ್ಳಬಲ್ಲರು ಎಂಬುದು ಇಬ್ಬರಿಗೂ ಹೊಳೆಯಲಿಲ್ಲ.

ಇಂಥ ಯೋಚನೆಯ ಬಿಸಿ ನಮ್ಮ ನಾಡಿಗೂ ತಟ್ಟಿದೆ. 1980ರ ದಶಕದಲ್ಲಿ ಸರ್ಕಾರ ಮತ್ತು ಒಂದು ಕಾರ್ಖಾನೆ ಜಂಟಿ ಕಂಪನಿ ಕಟ್ಟಿಕೊಂಡು ಸಾವಿರಾರು ಎಕರೆ ಗ್ರಾಮಸಾಮಾನ್ಯ ಭೂಮಿಯಲ್ಲಿ ನೀಲಗಿರಿ ಬೆಳೆಸಲು ಹೊರಟವು. ಯೋಜನೆ ಬರೆದವರಿಗೆ ಅದು ಪಾಳು ನೆಲ. ಹಳ್ಳಿಯವರಿಗೆ ಮೇವು, ಸೌದೆ, ಬದುಕು. 1987ರ ನವೆಂಬರ್ 14ರಂದು ಕುಸನೂರು ಎಂಬ ಹಳ್ಳಿಯಲ್ಲಿ ‘ಕಿತ್ತಿಕೊ ಹಚ್ಚಿಕೊ’ ಸತ್ಯಾಗ್ರಹ ನಡೆಯಿತು. ಜನ ನೀಲಗಿರಿ ಸಸಿ ಕಿತ್ತರು, ತಮಗೆ ಬೇಕಾದ ಗಿಡ ನೆಟ್ಟರು. ಶಿವರಾಮ ಕಾರಂತರು ಈ ನೆಲಕ್ಕಾಗಿ ಸುಪ್ರೀಂ ಕೋರ್ಟಿನ ಮೆಟ್ಟಿಲೇರಿದ್ದರು. ಕೊನೆಗೆ ಆ ಜಂಟಿ ಕಂಪನಿ ಮುಚ್ಚಿತು.

ಹಾರ್ಡಿನ್ ವಾದಕ್ಕೆ ಉತ್ತರವೂ ಬಂತು. ಸ್ವಿಟ್ಜರ್ಲೆಂಡಿನ ಬೆಟ್ಟದ ಹುಲ್ಲುಗಾವಲು, ಜಪಾನಿನ ಊರ ಕಾಡುಗಳನ್ನು ಜನರೇ ಶತಮಾನಗಳ ಕಾಲ ಕಾಪಾಡಿಕೊಂಡದ್ದನ್ನು ಎಲಿನಾರ್ ಆಸ್ಟ್ರಂ ಎಂಬ ಸಂಶೋಧಕಿ ತೋರಿಸಿಕೊಟ್ಟರು. 2009ರಲ್ಲಿ ಅವರಿಗೆ ಅರ್ಥಶಾಸ್ತ್ರದ ನೊಬೆಲ್ ಸಂದಿತು. ಊರ ನೆಲವನ್ನು ಊರವರೇ ಕಾಯಬಲ್ಲರು ಎಂಬುದನ್ನು ಕುಸನೂರಿನವರು ಅದಕ್ಕೂ ಎರಡು ದಶಕ ಮೊದಲೇ ಹೇಳಿದ್ದರು ಎಂದೇ ನಾನು ನಂಬುತ್ತೇನೆ.

ಅದಕ್ಕೇ ಮುಂದಿನ ಗ್ರಾಮಸಭೆಗೆ ಹೋಗಿ. ನಮ್ಮೂರ ಗೋಮಾಳ ಎಷ್ಟು ಉಳಿದಿದೆ, ಯಾರ ಕೈಯಲ್ಲಿದೆ ಎಂದು ದಯವಿಟ್ಟು ಕೇಳಿ.