ಎರಡು ಗುಂಡು ಹಿಡಿಯಬಲ್ಲ ಬಂದೂಕು



ಜೀವಮಾನವೆಲ್ಲ ಕನ್ನಡ ಪಾಠ ಹೇಳಿಕೊಂಡಿದ್ದವನು ಬಂದೂಕಿನ ಮಾತೆತ್ತಿದನೆಂದರೆ ನಿಮ್ಮಲ್ಲಿ ಕೆಲವರಿಗೆ ಆಶ್ಚರ್ಯವಾದೀತು. ನಾನು ಬೇಟೆಗಾರನಲ್ಲ, ಬಂದೂಕನ್ನು ಹೆಗಲಿಗೇರಿಸಿದವನೂ ಅಲ್ಲ. ಆದರೆ ಕೆಲವು ವರ್ಷಗಳ ಹಿಂದೆ ಜರ್ಮನಿಯ ನ್ಯಾಯಾಲಯವೊಂದು ಬೇಟೆಯ ಬಂದೂಕನ್ನು ಕುರಿತು ನೀಡಿದ ತೀರ್ಪಿನ ವಿವರ ಕಣ್ಣಿಗೆ ಬಿತ್ತು. ಇಡೀ ವ್ಯಾಜ್ಯ ನಿಂತಿದ್ದದ್ದು ಒಂದು ಕ್ರಿಯಾಪದದ ಮೇಲೆ. ಪದದ ಮೇಲೆ ಜಗಳ ಬಿದ್ದ ಕಡೆ ಭಾಷೆಯ ಮೇಷ್ಟರು ಇಣುಕಿ ನೋಡುವುದು ಸಹಜವೇ ತಾನೆ?

ಮೊದಲು ಆಯುಧದ ವಿಚಾರವನ್ನು ಎರಡು ಮಾತಿನಲ್ಲಿ ಹೇಳಿಬಿಡುತ್ತೇನೆ. ಸಾಮಾನ್ಯ ಬೇಟೆಯ ರೈಫಲ್ಲಿನಲ್ಲಿ ಒಂದು ಗುಂಡು ಹಾರಿದ ಮೇಲೆ ಕೈಯಿಂದ ಬೋಲ್ಟನ್ನು ಹಿಂದಕ್ಕೆಳೆದು ಮುಂದಕ್ಕೆ ತಳ್ಳಬೇಕು. ಆಗ ಹಳೆಯ ತೋಟೆ ಹೊರಕ್ಕೆ ಬಿದ್ದು ಹೊಸದು ಒಳಗೆ ಕೂರುತ್ತದೆ. ಅರೆ-ಸ್ವಯಂಚಾಲಿತ ರೈಫಲ್ಲಿನಲ್ಲಿ ಈ ಕೆಲಸವನ್ನು ಸಿಡಿದ ಮದ್ದಿನ ಅನಿಲವೋ ಬಂದೂಕಿನ ಹಿನ್ನೆಗೆತವೋ ತಾನೇ ಮಾಡಿಕೊಳ್ಳುತ್ತದೆ. ಟ್ರಿಗರನ್ನು ಒಮ್ಮೆ ಒತ್ತಿದರೆ ಒಂದು ಗುಂಡು, ಮತ್ತೆ ಒತ್ತಿದರೆ ಮತ್ತೊಂದು. ನಡುವೆ ಕೈಗೆ ಕೆಲಸವಿಲ್ಲ. ಒತ್ತಿ ಹಿಡಿದಷ್ಟು ಹೊತ್ತೂ ಗುಂಡು ಸುರಿಯುವಂಥದು ಪೂರ್ಣ ಸ್ವಯಂಚಾಲಿತ. ಅದು ಸೈನ್ಯದ ಮಾತು. ನಮ್ಮ ದೇಶದ 1959ರ ಆಯುಧ ಕಾಯಿದೆ ನಿಷಿದ್ಧ ಆಯುಧವನ್ನು ವಿವರಿಸುವಾಗ ಮುಖ್ಯವಾಗಿ ಹಿಡಿದಿರುವುದು ಈ ಕೊನೆಯ ಲಕ್ಷಣವನ್ನೇ.

ಬೋಲ್ಟನ್ನು ಎಳೆದು ತಳ್ಳುವುದಕ್ಕೆ ಹಿಡಿಯುವ ಕಾಲ ಒಂದೆರಡು ಕ್ಷಣ. ಆ ಒಂದೆರಡು ಕ್ಷಣಗಳ ಬೆಲೆ ಎಷ್ಟು ಎಂಬುದೇ ಪಶ್ಚಿಮ ದೇಶಗಳ ಬೇಟೆಯ ಕಾನೂನಿನಲ್ಲಿ ಬಹುಕಾಲದಿಂದ ಚರ್ಚೆಗೊಳಗಾದ ಪ್ರಶ್ನೆ. 1979ರಲ್ಲಿ ಸ್ವಿಟ್ಜರ್ಲೆಂಡಿನ ಬರ್ನ್ ನಗರದಲ್ಲಿ ಯೂರೋಪಿನ ರಾಷ್ಟ್ರಗಳು ವನ್ಯಜೀವಿ ರಕ್ಷಣೆಗಾಗಿ ಒಂದು ಒಪ್ಪಂದ ಮಾಡಿಕೊಂಡವು. ಬೇಟೆಯಲ್ಲಿ ಬಳಸಬಾರದ ಸಾಧನಗಳ ಪಟ್ಟಿಯೊಂದು ಅದರ ಅನುಬಂಧದಲ್ಲಿದೆ. ಉರುಲು, ವಿಷ, ಕಣ್ಣು ಕೋರೈಸುವ ದೀಪ, ಚಲಿಸುವ ವಾಹನ, ಇವುಗಳ ಜೊತೆಯಲ್ಲಿ ಎರಡಕ್ಕಿಂತ ಹೆಚ್ಚು ಗುಂಡುಗಳನ್ನು ಹಿಡಿಯಬಲ್ಲ ಪೆಟ್ಟಿಗೆಯುಳ್ಳ ಅರೆ-ಸ್ವಯಂಚಾಲಿತ ಆಯುಧವೂ ಸೇರಿದೆ. 1992ರಲ್ಲಿ ಯೂರೋಪು ಸಮುದಾಯ ಹೊರಡಿಸಿದ ಆವಾಸಸ್ಥಾನಗಳ ನಿರ್ದೇಶನದಲ್ಲಿಯೂ ಇದೇ ಮಾತು ಬಂದಿತು. ಅಮೆರಿಕದಲ್ಲಿ ಇನ್ನೂ ಮೊದಲೇ, 1935ರಲ್ಲಿ, ವಲಸೆ ಹಕ್ಕಿಗಳನ್ನು ಹೊಡೆಯುವ ಚರೆಕೋವಿಯಲ್ಲಿ ಮೂರಕ್ಕಿಂತ ಹೆಚ್ಚು ತೋಟೆ ಹಿಡಿಯದಂತೆ ಒಳಗೊಂದು ತಡೆ ಹಾಕಬೇಕೆಂಬ ನಿಯಮ ಬಂದಿತ್ತು.

ಜರ್ಮನಿಯ ಬೇಟೆಯ ಕಾಯಿದೆಯಲ್ಲಿಯೂ ಅದೇ ಎರಡು ಗುಂಡಿನ ಮಿತಿ ಇತ್ತು. ಆ ದೇಶದ ಬೇಟೆಯ ಬಗ್ಗೆ ಇಲ್ಲೊಂದು ಮಾತು ಹೇಳಬೇಕು. ಅಲ್ಲಿ ಪರೀಕ್ಷೆಗೆ ಕೂತು ತೇರ್ಗಡೆಯಾಗದೆ ಯಾರೂ ಬೇಟೆಯ ಪರವಾನಗಿ ಪಡೆಯುವಂತಿಲ್ಲ. ಬೇಟೆಯ ಹಕ್ಕು ಇರುವವನಿಗೆ ಕಾಡಿನ ಪ್ರಾಣಿಗಳನ್ನು ಪೋಷಿಸುವ ಕರ್ತವ್ಯವೂ ಇದೆ. ಇದಕ್ಕಿಂತ ನನ್ನ ಮನಸ್ಸಿಗೆ ಹಿಡಿಸಿದ ಸಂಗತಿ ಇನ್ನೊಂದು: ಸರ್ವಸಮ್ಮತವಾದ ಬೇಟೆಯ ಶಿಷ್ಟಾಚಾರಕ್ಕೆ ಅನುಗುಣವಾಗಿ ನಡೆದುಕೊಳ್ಳಬೇಕೆಂದು ಕಾಯಿದೆಯ ಮೊದಲ ಪರಿಚ್ಛೇದವೇ ವಿಧಿಸುತ್ತದೆ. ಆ ಶಿಷ್ಟಾಚಾರವಾದರೂ ಏನೆಂದು ಕಾಯಿದೆ ಪಟ್ಟಿ ಮಾಡಿ ಮುಗಿಸುವುದಿಲ್ಲ. ಬರೆದ ಕಾನೂನು ಬರೆಯದ ಆಚಾರಕ್ಕೆ ಕೈಮುಗಿದು ನಿಂತಂತಿದೆ ಇದು. ಶ್ರುತಿ ಸ್ಮೃತಿಗಳ ಜೊತೆಗೆ ಸದಾಚಾರವನ್ನೂ ಧರ್ಮಕ್ಕೆ ಪ್ರಮಾಣವೆಂದು ಒಪ್ಪಿದ ನಮ್ಮವರಿಗೆ ಇದು ಹೊಸ ಮಾತೇನಲ್ಲ.

ಇನ್ನು ವ್ಯಾಜ್ಯದ ಕಥೆ. ಇಬ್ಬರು ಬೇಟೆಗಾರರು ಅರೆ-ಸ್ವಯಂಚಾಲಿತ ರೈಫಲ್ಲುಗಳನ್ನು ಕೊಂಡರು. ಅಧಿಕಾರಿಗಳು ಅವರ ಪರವಾನಗಿ ಚೀಟಿಯಲ್ಲಿ, ಎರಡು ಗುಂಡಿನ ಪೆಟ್ಟಿಗೆಯೊಡನೆ ಮಾತ್ರ ಬಳಸತಕ್ಕದ್ದು ಎಂದು ಒಂದು ಸಾಲು ಸೇರಿಸಿದರು. ಆ ಸಾಲು ಬೇಡವೆಂದು ಇಬ್ಬರೂ ನ್ಯಾಯಾಲಯದ ಮೆಟ್ಟಿಲು ಹತ್ತಿದರು. ಕೆಳಗಿನ ನ್ಯಾಯಾಲಯದಲ್ಲಿ ಗೆದ್ದರು ಕೂಡ. ಮೇಲ್ಮನವಿ ಲೈಪ್‌ಜಿಗ್ ನಗರದಲ್ಲಿರುವ ಅತ್ಯುನ್ನತ ಆಡಳಿತ ನ್ಯಾಯಾಲಯಕ್ಕೆ ಹೋಯಿತು. 2016ರ ಮಾರ್ಚ್ 7ರಂದು ಬಂದ ತೀರ್ಪು ಇಬ್ಬರನ್ನೂ ದಂಗುಬಡಿಸಿತು. ನ್ಯಾಯಾಲಯ ಕೇಳಿದ್ದು ಇಷ್ಟೆ: ಕಾಯಿದೆ ಹೇಳುವುದು ಎರಡಕ್ಕಿಂತ ಹೆಚ್ಚು ಗುಂಡು 'ಹಿಡಿಯಬಲ್ಲ' ಬಂದೂಕನ್ನು ಕುರಿತು, ಈ ರೈಫಲ್ಲಿನ ಪೆಟ್ಟಿಗೆ ತೆಗೆದು ಹಾಕಬಹುದಾದದ್ದು, ಎರಡು ಗುಂಡಿನ ಪೆಟ್ಟಿಗೆ ತೆಗೆದು ಹತ್ತು ಗುಂಡಿನದನ್ನು ಸಿಕ್ಕಿಸಿದರೆ ಅದು ಹತ್ತು ಹಿಡಿಯುತ್ತದೆ, ಆದ್ದರಿಂದ ಇಂದು ಸಿಕ್ಕಿಸಿರುವ ಪೆಟ್ಟಿಗೆ ಎಷ್ಟೇ ಚಿಕ್ಕದಾಗಿರಲಿ, ಈ ಬಂದೂಕು ಹೆಚ್ಚು ಹಿಡಿಯಬಲ್ಲದ್ದೇ ಸರಿ. ಅಂದ ಮೇಲೆ ಅದಕ್ಕೆ ಬೇಟೆಗಾರನ ಅಗತ್ಯದ ಹೆಸರಿನಲ್ಲಿ ಪರವಾನಗಿಯೇ ಸಲ್ಲದು! ಒಂದು ಸಾಲನ್ನು ಅಳಿಸಿಕೊಳ್ಳಲು ಹೋದವರು ಬಂದೂಕನ್ನೇ ಕಳೆದುಕೊಳ್ಳುವ ಸ್ಥಿತಿಗೆ ಬಂದರು. ವರ್ಷಗಳಿಂದ ಅಂಥ ರೈಫಲ್ಲುಗಳನ್ನು ಇಟ್ಟುಕೊಂಡಿದ್ದ ಉಳಿದ ಬೇಟೆಗಾರರೂ ಗಾಬರಿಗೊಂಡರು.

ನಮ್ಮ ಶಾಸ್ತ್ರಕಾರರು ಈ ತೀರ್ಪನ್ನು ಕೇಳಿದ್ದರೆ ತಲೆದೂಗುತ್ತಿದ್ದರೋ ತಲೆಯಾಡಿಸುತ್ತಿದ್ದರೋ ಹೇಳಲಾರೆ. 'ಬಲ್ಲ' ಎಂಬ ಮಾತು ವಸ್ತುವಿನ ಶಕ್ತಿಯನ್ನು ಹೇಳುತ್ತದೆ, ಅದರ ಸದ್ಯದ ಸ್ಥಿತಿಯನ್ನಲ್ಲ. ಹಾಡಬಲ್ಲವನು ಸುಮ್ಮನೆ ಕೂತಿದ್ದಾಗಲೂ ಹಾಡಬಲ್ಲವನೇ. ಆ ಮಟ್ಟಿಗೆ ನ್ಯಾಯಾಲಯದ ವ್ಯಾಕರಣ ಶುದ್ಧವಾಗಿದೆ. ಆದರೆ ಹಾಡಬಲ್ಲವನೆಂಬ ಕಾರಣಕ್ಕೆ ಹಾಡದೆ ಇದ್ದವನನ್ನು ಗದ್ದಲದ ಅಪರಾಧಕ್ಕೆ ಹಿಡಿಯಬಹುದೆ? ಬೇಟೆಗಾರರು ಎತ್ತಿದ ಆಕ್ಷೇಪದ ತಿರುಳೂ ಇಂಥದೇ.

ಜರ್ಮನಿಯ ಸಂಸತ್ತು ತಡಮಾಡಲಿಲ್ಲ. ಅದೇ ವರ್ಷದ ನವೆಂಬರಿನಲ್ಲಿ ಕಾಯಿದೆಯ ಆ ವಾಕ್ಯವನ್ನು ತಿದ್ದಿದರು. ಒಟ್ಟು ಮೂರಕ್ಕಿಂತ ಹೆಚ್ಚು ಗುಂಡು 'ತುಂಬಿರುವ' ಅರೆ-ಸ್ವಯಂಚಾಲಿತ ಬಂದೂಕಿನಿಂದ ಪ್ರಾಣಿಯ ಮೇಲೆ ಗುಂಡು ಹಾರಿಸಕೂಡದು ಎಂದಾಯಿತು. ಪೆಟ್ಟಿಗೆಯಲ್ಲಿ ಎರಡು, ನಳಿಗೆಯ ಬುಡದಲ್ಲಿ ಒಂದು, ಹೀಗೆ ಮೂರು. ಲೆಕ್ಕದಲ್ಲಿ ಹೆಚ್ಚಿನ ಬದಲಾವಣೆಯಿಲ್ಲ. ಆದರೆ ಹಿಡಿಯಬಲ್ಲ ಎಂಬುದು ತುಂಬಿರುವ ಎಂದಾದಾಗ ಕಾನೂನಿನ ಕಣ್ಣು ಆಯುಧದಿಂದ ಮನುಷ್ಯನ ಕಡೆಗೆ ಹೊರಳಿತು. ಮೊದಲಿನ ವಾಕ್ಯ ಕಬ್ಬಿಣವನ್ನು ನಂಬಿರಲಿಲ್ಲ. ಎರಡನೆಯದು ಮನುಷ್ಯನ ಕೈಯನ್ನು ನಂಬಿತು. ಯಾವುದು ಜಾಣತನವೆಂದು ನೀವೇ ಯೋಚಿಸಿ. ಕಾಡಿನ ನಡುವೆ ಒಬ್ಬನ ಪೆಟ್ಟಿಗೆಯಲ್ಲಿ ಎಷ್ಟು ಗುಂಡಿದೆಯೆಂದು ಎಣಿಸುವವರು ಯಾರು? ನನ್ನ ಮಟ್ಟಿಗೆ, ಎರಡನೆಯ ವಾಕ್ಯ ಒಳ್ಳೆಯ ವಾಕ್ಯ, ಮೊದಲನೆಯದು ಒಳ್ಳೆಯ ಕಾವಲು.

ಬೇಟೆಗಾರರ ಪರವಾದ ವಾದವನ್ನೂ ಹೇಳದಿದ್ದರೆ ಅನ್ಯಾಯವಾದೀತು. ಮೊದಲ ಗುಂಡು ಗುರಿತಪ್ಪಿ ಪ್ರಾಣಿಗೆ ಗಾಯವಾಯಿತೆನ್ನಿ. ತಕ್ಷಣವೇ ಎರಡನೆಯದು ತಗುಲಿದರೆ ಅದರ ಸಂಕಟ ಅಲ್ಲಿಗೆ ಮುಗಿಯುತ್ತದೆ. ಮಿತಿ ಬೇಕೆನ್ನುವವರ ಉತ್ತರವೂ ಅಷ್ಟೇ ಗಟ್ಟಿ: ಎರಡನೆಯದು ಕೈಯಲ್ಲೇ ಇದೆಯೆಂಬ ಧೈರ್ಯವೇ ಮೊದಲನೆಯದನ್ನು ಅಜಾಗರೂಕವಾಗಿ ಹಾರಿಸುವಂತೆ ಮಾಡುತ್ತದೆ. ಅಮೆರಿಕದ ಪೆನ್ಸಿಲ್ವೇನಿಯಾ ರಾಜ್ಯದಲ್ಲಿ 2017ರಲ್ಲಿ ಅರೆ-ಸ್ವಯಂಚಾಲಿತ ರೈಫಲ್ಲಿಗೆ ಬೇಟೆಯಲ್ಲಿ ಮೊದಲ ಬಾರಿ ಅನುಮತಿ ಕೊಟ್ಟಾಗ ಅದನ್ನು ಸಣ್ಣ ಪ್ರಾಣಿಗಳಿಗೂ ತುಪ್ಪಳದ ಪ್ರಾಣಿಗಳಿಗೂ ಮಾತ್ರ ಸೀಮಿತಗೊಳಿಸಿದರು. ಜಿಂಕೆಯ ಬೇಟೆಗೆ ಕೊಡಲಿಲ್ಲ. ಹಾಗೆ ಬೇಡವೆಂದವರಲ್ಲಿ ಅಲ್ಲಿಯ ಬೇಟೆಗಾರರೇ ಬಹಳ ಮಂದಿ ಇದ್ದರು.

ನಮ್ಮಲ್ಲಿ ಈ ಪ್ರಶ್ನೆ ಏಳುವುದೇ ಇಲ್ಲ, ಏಕೆಂದರೆ ಬೇಟೆಯೇ ಇಲ್ಲ. 1972ರ ವನ್ಯಜೀವಿ ಸಂರಕ್ಷಣಾ ಕಾಯಿದೆ ಬೇಟೆಗೆ ಬಾಗಿಲು ಹಾಕಿತೆಂದು ನಾವು ಸಾಮಾನ್ಯವಾಗಿ ಹೇಳುತ್ತೇವೆ. ಪೂರ್ತಿ ಹಾಕಿದ್ದು 1991ರ ತಿದ್ದುಪಡಿ. ಆ ನಡುವಿನ ಕಾಲದಲ್ಲಿ ಕಾಯಿದೆಯಲ್ಲೇ ಬೇಟೆಯ ಪರವಾನಗಿಗೂ ಅವಕಾಶವಿತ್ತು. ಹದಿನೇಳನೆಯ ಪ್ರಕರಣದಲ್ಲಿ ಬೇಟೆಗಾರ ಮಾಡಬಾರದ ಕೆಲಸಗಳ ಪಟ್ಟಿಯಿತ್ತು: ವಾಹನದಲ್ಲಿ ಕೂತು ಹೊಡೆಯಬಾರದು, ದೀಪ ಹಿಡಿದು ಹೊಡೆಯಬಾರದು, ರಾತ್ರಿ ಹೊಡೆಯಬಾರದು, ಕಾಡಿಗೆ ಬೆಂಕಿ ಹಚ್ಚಬಾರದು, ಪ್ರಾಣಿಗಳು ಉಪ್ಪುಮಣ್ಣು ನೆಕ್ಕುವಲ್ಲಿ, ನೀರು ಕುಡಿಯುವಲ್ಲಿ ಕಾದು ಹೊಡೆಯಬಾರದು, ನಿಷಿದ್ಧ ಕಾಲದಲ್ಲಿ ಹೊಡೆಯಬಾರದು. ಬೇಟೆ ನಿಂತ ಮೇಲೆ ಪ್ರಕರಣವನ್ನೂ ತೆಗೆದುಹಾಕಿದರು, ನ್ಯಾಯವೇ. ಆದರೂ ಆ ಪಟ್ಟಿಯನ್ನು ಓದುವಾಗಲೆಲ್ಲ ಇದನ್ನು ಬರೆದವರು ಪುರಾಣ ಬಲ್ಲವರೇ ಇರಬೇಕೆಂದು ನನಗೆ ಅನ್ನಿಸುತ್ತದೆ. ದಶರಥ ಮಾಡಿದ ತಪ್ಪೇನು? ರಾತ್ರಿ, ನೀರಿನ ತಾಣದಲ್ಲಿ, ಕಣ್ಣಿಗೆ ಕಾಣದ್ದನ್ನು ಸದ್ದಿನ ಮೇಲೆಯೇ ಹೊಡೆದದ್ದು. ಪಾಂಡುವಿಗೆ ಶಾಪ ಕೊಟ್ಟ ಕಿಂದಮ ಮುನಿ, ಜಿಂಕೆಯನ್ನು ಕೊಂದದ್ದಕ್ಕೆ ನಿನ್ನನ್ನು ದೂರುವುದಿಲ್ಲ, ಕೂಡಿದ್ದಾಗ ಕೊಂದೆಯಲ್ಲ ಎನ್ನುತ್ತಾನೆ. ಅದು ನಿಷಿದ್ಧ ಕಾಲದ ತತ್ತ್ವವೇ. ಕಾಳಿದಾಸನ ದುಷ್ಯಂತ ಬಾಣ ಹೂಡಿ ನಿಂತಾಗ ತಾಪಸನೊಬ್ಬ ಅಡ್ಡ ಬಂದು ಇದು ಆಶ್ರಮದ ಮೃಗವೆನ್ನುತ್ತಾನೆ. ಅಭಯಾರಣ್ಯದ ಗಡಿ ಅಲ್ಲಿಂದಲೇ ಶುರುವಾಯಿತೆಂದರೂ ಸಲ್ಲುತ್ತದೆ. ಮೃಗಯೆಯನ್ನು ರಾಜರ ವ್ಯಸನಗಳಲ್ಲಿ ಎಣಿಸಿದವರೂ ನಮ್ಮವರೇ, ಮಾನಸೋಲ್ಲಾಸದಲ್ಲಿ ಅದನ್ನು ವಿನೋದವೆಂದು ವಿಸ್ತಾರವಾಗಿ ವರ್ಣಿಸಿದ ಕಲ್ಯಾಣದ ಸೋಮೇಶ್ವರನೂ ನಮ್ಮವನೇ. ಹಳಗನ್ನಡದಲ್ಲಿ ಬೇಂಟೆ ಎಂದರೆ ಮೃಗಯೆ, ಬೇಟ ಎಂದರೆ ಪ್ರಣಯ. ಎರಡರ ಸದ್ದೂ ಇಷ್ಟು ಹತ್ತಿರವಾದದ್ದು ಕವಿಗಳಿಗೆ ಬಹಳ ಅನುಕೂಲವಾಯಿತು.

ಮದ್ದೂರು ಸೀಮೆಯ ಆತಕೂರಿನ ವೀರಗಲ್ಲನ್ನು ನಿಮ್ಮಲ್ಲಿ ಹಲವರು ಬೆಂಗಳೂರಿನ ವಸ್ತುಸಂಗ್ರಹಾಲಯದಲ್ಲಿ ನೋಡಿರಬಹುದು. ಹತ್ತನೆಯ ಶತಮಾನದ ನಡುಭಾಗದ್ದು. ತಕ್ಕೋಲದ ಯುದ್ಧದಲ್ಲಿ ಪರಾಕ್ರಮ ತೋರಿದ ಮಣಲೇರ ತನ್ನ ಒಡೆಯ ಗಂಗ ಬೂತುಗನಿಂದ ಬಹುಮಾನವಾಗಿ ಕೇಳಿ ಪಡೆದದ್ದು ಕಾಳಿ ಎಂಬ ಬೇಟೆನಾಯಿಯನ್ನು. ಆ ಕಾಳಿ ಒಂದು ದೊಡ್ಡ ಹಂದಿಯ ಮೇಲೆ ಬಿದ್ದಿತು; ಎರಡೂ ಕಾದಾಡಿ ಎರಡೂ ಸತ್ತವು. ನಾಯಿಯ ನೆನಪಿಗೆ ಕಲ್ಲು ನಿಲ್ಲಿಸಿದರು. ಕಲ್ಲಿನ ಮೇಲೆ ಹಂದಿಯೂ ಇದೆ, ನಾಯಿಗೆ ಎದುರಾಗಿ, ಸರಿಸಮವಾಗಿ. ಆ ಶಿಲ್ಪವನ್ನು ನೋಡಿ ಬಂದಾಗಲೆಲ್ಲ ನನಗೆ ಅನ್ನಿಸಿದ್ದುಂಟು: ಹಂದಿಗೂ ಗೆಲ್ಲುವ ಸಾಧ್ಯತೆ ಇದ್ದುದರಿಂದಲೇ ಅದಕ್ಕೆ ಕಲ್ಲಿನಲ್ಲಿ ಜಾಗ ಸಿಕ್ಕಿತು.

ಈಗ ಹಂದಿಯ ಪ್ರಶ್ನೆ ಬೇರೆ ರೂಪದಲ್ಲಿ ಬಂದಿದೆ. ಬೆಳೆದ ಪೈರನ್ನು ಒಂದೇ ರಾತ್ರಿಯಲ್ಲಿ ಉತ್ತುಹಾಕುವ ಹಂದಿಯ ಮುಂದೆ ರೈತನಿಗೆ ಶಾಕುಂತಲದ ತಾಪಸನ ಮಾತು ಹೇಳಿ ಪ್ರಯೋಜನವಿಲ್ಲ. ರಾಘವಾಂಕನ ಹರಿಶ್ಚಂದ್ರ ಬೇಟೆಗೆ ಹೊರಟದ್ದೂ ಕಾಡುಮೃಗಗಳ ಹಾವಳಿಯ ದೂರನ್ನು ಕೇಳಿಯೇ. ಇಂದಿನ ಕಾಯಿದೆಯ ಹನ್ನೊಂದನೆಯ ಪ್ರಕರಣದಂತೆ, ಮನುಷ್ಯರ ಪ್ರಾಣಕ್ಕೆ ಎರವಾದ ಪ್ರಾಣಿಯನ್ನು, ಕೆಲವು ಜಾತಿಗಳ ವಿಷಯದಲ್ಲಿ ಬೆಳೆಗೆ ಹಾನಿ ಮಾಡುವುದನ್ನೂ, ಅಧಿಕಾರಿಯ ಲಿಖಿತ ಆಜ್ಞೆಯಿಂದ ಕೊಲ್ಲಬಹುದು. ಕೇರಳದಲ್ಲಿ 2022ರಲ್ಲಿ ಹಂದಿಯ ವಿಷಯಕ್ಕೆ ಈ ಅಧಿಕಾರವನ್ನು ಪಂಚಾಯತಿಯ ಮುಖ್ಯಸ್ಥರ ಕೈಗೆ ಕೊಟ್ಟರು. ವಿಷ, ಸಿಡಿಮದ್ದು, ವಿದ್ಯುತ್ ತಂತಿ ಮಾತ್ರ ಕೂಡದೆಂದರು. ನಮ್ಮ ಕೊಡಗಿನಲ್ಲಿ ಕೊಡವರಿಗೂ ಜಮ್ಮಾ ಹಿಡುವಳಿದಾರರಿಗೂ ಕೋವಿಯ ಪರವಾನಗಿಯಿಂದ ವಿನಾಯಿತಿ ಇದೆ. 2019ರಲ್ಲಿ ಕೇಂದ್ರ ಸರ್ಕಾರ ಅದನ್ನು 2029ರವರೆಗೆ ಮುಂದುವರಿಸಿತು, 2021ರಲ್ಲಿ ಉಚ್ಚ ನ್ಯಾಯಾಲಯ ಅದನ್ನು ಎತ್ತಿಹಿಡಿಯಿತು. ಆ ವಿನಾಯಿತಿ ಕೋವಿ ಇಟ್ಟುಕೊಳ್ಳುವುದಕ್ಕೆ, ಬೇಟೆಗಲ್ಲ. ಕೈಲ್ ಮುಹೂರ್ತದ ದಿನ ಕೋವಿಗೆ ಹೂ ಮುಡಿಸಿ ಪೂಜಿಸುವವರಿಗೆ ಈ ಭೇದವನ್ನು ನಾನು ಹೇಳಿಕೊಡಬೇಕಾಗಿಲ್ಲ.

ನನ್ನ ಸೋದರಮಾವನ ಮನೆ ಮಲೆನಾಡಿನಲ್ಲಿ. ಅಲ್ಲೊಂದು ಕೇಪಿನ ಕೋವಿ ಇತ್ತು. ನಾನು ಹತ್ತು ಹನ್ನೊಂದು ವರ್ಷದವನಿರಬೇಕು, 1972ರ ಕಾಯಿದೆಗೆ ಮುಂಚಿನ ಮಾತು. ಮಾವ ಅದನ್ನು ತುಂಬುವುದನ್ನು ನೋಡುತ್ತ ಕೂರುತ್ತಿದ್ದೆ. ನಳಿಗೆಯ ಬಾಯಿಂದ ಮದ್ದು ಸುರಿದು, ತೆಂಗಿನ ನಾರು ತುರುಕಿ, ಸಲಾಕೆಯಿಂದ ಗಟ್ಟಿಸಿ, ಮೇಲೆ ಗುಂಡು, ಮತ್ತೆ ನಾರು, ಕೊನೆಗೆ ಕೇಪು. ಎಲೆಯಡಿಕೆ ಹಾಕಿಕೊಳ್ಳುವಷ್ಟೇ ಸಾವಧಾನ. ಒಂದು ರಾತ್ರಿ ಗದ್ದೆಯ ಅಂಚಿನಲ್ಲಿ ಮರಸು ಕೂತವರು ಹಂದಿಗೆ ಈಡು ಹೊಡೆದರು. ತಗುಲಿತು, ಬೀಳಲಿಲ್ಲ. ಎರಡನೆಯ ಈಡಿಗೆ ಕೋವಿ ತುಂಬುವ ಹೊತ್ತಿಗೆ ಅದು ಕಾಡು ಸೇರಿತ್ತು. ಬೆಳಗ್ಗೆ ರಕ್ತದ ಜಾಡು ಹಿಡಿದು ಹೋದರು. ಹಳ್ಳದ ಬಳಿ ಜಾಡು ಕಡಿದಿತ್ತು. ಮೂರು ದಿನ ಹುಡುಕಿದರು. ಮಾಂಸದ ಆಸೆಗಲ್ಲ ಎಂಬುದು ನನಗಾಗಲೇ ತಿಳಿಯುತ್ತಿತ್ತು. ಮೂರನೆಯ ದಿನ ಬಂದು ಕೋವಿಯನ್ನು ಗೋಡೆಗೆ ಒರಗಿಸಿ, ಅತ್ತೆ ಬಡಿಸಿದ ಊಟವನ್ನು ಅರ್ಧಕ್ಕೇ ಬಿಟ್ಟೆದ್ದರು. ಕೈಯಲ್ಲಿ ಎರಡನೆಯ ಗುಂಡು ಸಿದ್ಧವಾಗಿದ್ದರೆ ಆ ಹಂದಿ ಅಲ್ಲೇ ಬೀಳುತ್ತಿತ್ತು. ಎರಡನೆಯದು ಇರುತ್ತಿದ್ದರೆ ಆ ಕತ್ತಲೆಯಲ್ಲಿ ಮಾವ ಮೊದಲನೆಯದನ್ನು ಇನ್ನೂ ಎಷ್ಟು ದೂರದಿಂದ ಹಾರಿಸುತ್ತಿದ್ದರೋ, ಅದನ್ನು ಅವರೂ ಹೇಳಲಾರರಾಗಿದ್ದರು.

ಆ ಕೋವಿ ಈಗಲೂ ಮಾವನ ಮಗನ ಹೆಸರಿನಲ್ಲಿದೆ. ಅದಕ್ಕೆ ಮದ್ದು ತುಂಬಿ ಎಷ್ಟೋ ವರ್ಷಗಳಾದವು. ಕುದುರೆ ತುಕ್ಕು ಹಿಡಿದು ಏಳುವುದಿಲ್ಲ. ಆದರೂ ಪ್ರತಿ ಚುನಾವಣೆಗೂ ಅದನ್ನು ಪೊಲೀಸ್ ಠಾಣೆಯಲ್ಲಿ ಒಪ್ಪಿಸಿ ರಸೀತಿ ತರಬೇಕು. ಸಿಡಿಯದ ಕೋವಿಗೆ ಇಷ್ಟೆಲ್ಲ ಯಾಕೆ ಎಂದು ಅವನು ಗೊಣಗುತ್ತಾನೆ. ಜರ್ಮನಿಯ ತೀರ್ಪಿನ ಕಥೆಯನ್ನು ಅವನಿಗೆ ಹೇಳಿದೆ. ಸ್ವಲ್ಪ ಹೊತ್ತು ಸುಮ್ಮನಿದ್ದು, "ಹಾಗಾದರೆ ಭಾವ, ನಮ್ಮ ಠಾಣೆಯವರೂ ಅದೇ ವ್ಯಾಕರಣ ಓದಿದವರೇ ಅನ್ನಿ" ಎಂದ.